ಮಾರ್ಪಡಿಸಿದ ಕಿರುಯಂತ್ರದಲ್ಲಿ ಹಳೆಯ ಆಟಗಳು: ಆಕರಗಳ ಉಳಿವನ್ನು ಕುರಿತು ಒಂದು ವಿವೇಚನೆ

ಚರಿತ್ರೆಯ ಆಕರಗಳೆಂದೊಡನೆ ಶಾಸನ, ಓಲೆಗರಿ, ಕಡತ, ನಾಣ್ಯ ಮುಂತಾದವು ನಮ್ಮ ಮನಸ್ಸಿಗೆ ಮೊದಲು ಹೊಳೆಯುತ್ತವೆ. ಆದರೆ ಇಪ್ಪತ್ತನೆಯ ಶತಮಾನದ ಕೊನೆಯ ಭಾಗದ ಜನಜೀವನವನ್ನು ಕುರಿತು ಬರೆಯಹೊರಟವರು ಇನ್ನೊಂದು ಬಗೆಯ ಆಕರವನ್ನೂ ಗಣನೆಗೆ ತೆಗೆದುಕೊಳ್ಳಬೇಕಾಗುತ್ತದೆ. ಆ ಕಾಲದ ಕೋಟ್ಯಂತರ ಮಕ್ಕಳೂ ತರುಣರೂ ಕೈಯಲ್ಲಿ ಹಿಡಿದು ಆಡಿದ ವಿದ್ಯುನ್ಮಾನ ಆಟಗಳೇ ಆ ಆಕರ. ೨೦೦೪ರಲ್ಲಿ ಸೋನಿ ಸಂಸ್ಥೆ ಹೊರತಂದ ಪ್ಲೇಸ್ಟೇಷನ್ ಪೋರ್ಟಬಲ್ (ಪಿ.ಎಸ್.ಪಿ.) ಎಂಬ ಕಿರುಯಂತ್ರವನ್ನು ಕೊಂಡವರಲ್ಲಿ ಕೆಲವರು ಅದರ ಒಳಗಿನ ಕಟ್ಟುಪಾಡನ್ನು ಸಡಿಲಿಸಿ, ಪ್ರತಿಸ್ಪರ್ಧಿಯಾದ ನಿಂಟೆಂಡೊ ಸಂಸ್ಥೆಯ ಹಳೆಯ ಗೇಮ್ ಬಾಯ್ ಆಟಗಳನ್ನು ಅದರಲ್ಲಿ ಆಡತೊಡಗಿದರು. ಈ ರೂಢಿಯನ್ನು ಸಾಮಾನ್ಯವಾಗಿ ಕೃತಿಚೌರ್ಯದ ಪ್ರಕರಣದಲ್ಲಿ ಸೇರಿಸಿ ಕೈಬಿಡಲಾಗುತ್ತದೆ. ಪ್ರಕೃತ ಲೇಖನದಲ್ಲಿ ನಾವು ಎರಡು ಪ್ರಶ್ನೆಗಳನ್ನು ಎತ್ತಿಕೊಂಡಿದ್ದೇವೆ. ಈ ರೂಢಿ ಹೇಗೆ ಹುಟ್ಟಿತು ಎಂಬುದು ಒಂದು. ಹೀಗೆ ಆಡಿದ ಆಟವನ್ನು ಮೂಲ ಆಟದ ಸಾಕ್ಷ್ಯವೆಂದು ಚರಿತ್ರಕಾರನು ಎಷ್ಟರಮಟ್ಟಿಗೆ ನಂಬಬಹುದು ಎಂಬುದು ಇನ್ನೊಂದು.

೧. ಮೂಲ ಯಂತ್ರ

ಗೇಮ್ ಬಾಯ್ ಜಪಾನಿನಲ್ಲಿ ೧೯೮೯ರ ಏಪ್ರಿಲ್ ೨೧ರಂದು ಮಾರಾಟಕ್ಕೆ ಬಂದಿತು. ೧೯೮೦ರಲ್ಲಿ ಗೇಮ್ ಅಂಡ್ ವಾಚ್ ಎಂಬ ಕಿರು ಆಟಿಕೆಗಳನ್ನು ರೂಪಿಸಿದ್ದ ಗುನ್‌ಪೇಯಿ ಯೊಕೊಯಿ ಅವರ ತಂಡದ್ದೇ ಇದರ ರಚನೆ. ಹೊಸದಾಗಿ ಕಂಡುಹಿಡಿದ ದುಬಾರಿ ಉಪಕರಣಗಳ ಬೆನ್ನುಹತ್ತದೆ, ಬಳಸಿ ಹಳತಾಗಿ ಅಗ್ಗವಾದವುಗಳಿಗೆ ಹೊಸ ಉಪಯೋಗವನ್ನು ಹುಡುಕಬೇಕೆಂಬುದು ಯೊಕೊಯಿ ಅವರ ಪ್ರಸಿದ್ಧ ಮತ. ಗೇಮ್ ಬಾಯ್ ಈ ಮತಕ್ಕೆ ಉತ್ತಮ ನಿದರ್ಶನ. ಅದರ ಪರದೆಯಲ್ಲಿ ಅಡ್ಡಲಾಗಿ ೧೬೦, ಉದ್ದಕ್ಕೆ ೧೪೪ ಚಿತ್ರಬಿಂದುಗಳು. ಬಣ್ಣವಿಲ್ಲ, ನಾಲ್ಕೇ ಛಾಯೆಗಳು. ಹಿಂಬದಿಯ ಬೆಳಕೂ ಇಲ್ಲ. ಕೆಲಸಕ್ಕೆ ಒದಗುವ ಸ್ಮೃತಿ ೮ ಕಿಲೋಬೈಟು. ಅದೇ ವರ್ಷ ಬಂದ ಅಟಾರಿ ಲಿಂಕ್ಸ್, ಮರುವರ್ಷ ಬಂದ ಸೆಗಾ ಗೇಮ್ ಗೇರ್ ಇವೆರಡಕ್ಕೂ ಬಣ್ಣದ ಬೆಳಗುವ ಪರದೆಯಿತ್ತು. ಆದರೆ ಅವು ಆರಾರು ಬ್ಯಾಟರಿಗಳನ್ನು ಕೆಲವೇ ಗಂಟೆಗಳಲ್ಲಿ ಮುಗಿಸುತ್ತಿದ್ದವು. ಗೇಮ್ ಬಾಯ್ ನಾಲ್ಕು ಬ್ಯಾಟರಿಗಳಲ್ಲಿ ಹತ್ತು ಗಂಟೆಗೂ ಮಿಗಿಲಾಗಿ ನಡೆಯುತ್ತಿತ್ತು. ೧೯೯೮ರಲ್ಲಿ ಬಂದ ಬಣ್ಣದ ಮಾದರಿಯನ್ನೂ ಸೇರಿಸಿಕೊಂಡರೆ ಈ ಯಂತ್ರಗಳು ಜಗತ್ತಿನಲ್ಲಿ ೧೧ ಕೋಟಿ ೮೬ ಲಕ್ಷಕ್ಕೂ ಹೆಚ್ಚು ಮಾರಾಟವಾದವು. ಇಷ್ಟು ವ್ಯಾಪಕವಾಗಿ ಹರಡಿದ ವಸ್ತುವೊಂದರ ಚರಿತ್ರೆ ಉಪೇಕ್ಷಣೀಯವಲ್ಲವೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಈ ಆಟಗಳು ಕಾರ್ಟ್ರಿಜ್ ಎಂಬ ಬೆಂಕಿಪೊಟ್ಟಣದಂಥ ಬಿಲ್ಲೆಗಳಲ್ಲಿ ದೊರೆಯುತ್ತಿದ್ದವು. ಅವುಗಳ ರಚನೆಯಲ್ಲಿಯೇ ನಾಶದ ಬೀಜವೂ ಇದ್ದಿತೆಂಬುದು ಗಮನಿಸತಕ್ಕ ಸಂಗತಿ. ಆಟದ ಮೂಲಪಾಠ ಶಾಶ್ವತ ಸ್ಮೃತಿಯಲ್ಲಿ ಅಚ್ಚಾಗಿರುತ್ತದೆ. ಆದರೆ ಅನೇಕ ದೊಡ್ಡ ಆಟಗಳಲ್ಲಿ ಆಟಗಾರನು ಎಲ್ಲಿಯವರೆಗೆ ಮುಂದುವರಿದಿದ್ದಾನೆಂಬ ದಾಖಲೆ ಒಂದು ಪುಟ್ಟ ನಾಣ್ಯಾಕಾರದ ಬ್ಯಾಟರಿಯ ಬಲದಿಂದ ಮಾತ್ರ ಉಳಿಯುತ್ತಿತ್ತು. ೧೯೯೬ರಲ್ಲಿ ಜಪಾನಿನಲ್ಲಿ ಹೊರಬಂದ ಪೋಕೆಮಾನ್ ಆಟಗಳು ಈ ಬಗೆಯವು. ೧೯೯೯ರ ಎರಡನೆಯ ಸರಣಿಯಲ್ಲಿ ಅದೇ ಬ್ಯಾಟರಿ ಗಡಿಯಾರವನ್ನೂ ನಡೆಸಬೇಕಾಗಿದ್ದುದರಿಂದ ಅದು ಇನ್ನೂ ಬೇಗ ತೀರಿಹೋಯಿತು. ಬ್ಯಾಟರಿ ಸತ್ತ ದಿನ ಒಬ್ಬ ಬಾಲಕನ ನೂರಾರು ಗಂಟೆಗಳ ಸಾಹಸದ ದಾಖಲೆ ಸದ್ದಿಲ್ಲದೆ ಅಳಿಯುತ್ತದೆ. ಆಟದ ಪಠ್ಯ ಉಳಿದರೂ ಓದುಗನು ಅಂಚಿನಲ್ಲಿ ಬರೆದ ಟಿಪ್ಪಣಿಗಳು ಮರೆಯಾದಂತೆ ಇದು. ಆಟಗಳನ್ನು ಜನ ಹೇಗೆ ಆಡಿದರೆಂಬುದಕ್ಕೆ ನೇರವಾದ ಸಾಕ್ಷ್ಯ ಈ ದಾಖಲೆಗಳೇ ಎಂಬುದನ್ನು ನೆನೆದರೆ ನಷ್ಟದ ಪ್ರಮಾಣ ತಿಳಿಯುತ್ತದೆ.

೨. ಎರಡನೆಯ ಯಂತ್ರ ತೆರೆದುಕೊಂಡ ಬಗೆ

ಪಿ.ಎಸ್.ಪಿ. ಜಪಾನಿನಲ್ಲಿ ೨೦೦೪ರ ಡಿಸೆಂಬರ್ ೧೨ರಂದೂ ಉತ್ತರ ಅಮೆರಿಕದಲ್ಲಿ ೨೦೦೫ರ ಮಾರ್ಚಿಯಲ್ಲಿಯೂ ಬಿಡುಗಡೆಯಾಯಿತು. ೪೮೦ ಮತ್ತು ೨೭೨ ಚಿತ್ರಬಿಂದುಗಳ ವಿಶಾಲ ಪರದೆ, ೩೩೩ ಮೆಗಾಹರ್ಟ್ಸ್ ವೇಗದವರೆಗೆ ಓಡಬಲ್ಲ ಸಂಸ್ಕಾರಕ, ೩೨ ಮೆಗಾಬೈಟು ಸ್ಮೃತಿ ಇವು ಅದರ ಮುಖ್ಯ ಲಕ್ಷಣಗಳು. ಸಂಸ್ಥೆಯ ಮುದ್ರೆ ಬಿದ್ದ ಕಾರ್ಯಕ್ರಮಗಳು ಮಾತ್ರ ಅದರಲ್ಲಿ ನಡೆಯಬೇಕೆಂಬುದು ನಿರ್ಮಾಪಕರ ಉದ್ದೇಶ. ಆದರೆ ಜಪಾನಿನಲ್ಲಿ ಮೊದಲು ಮಾರಿದ ಯಂತ್ರಗಳ ೧.೦೦ ಫರ್ಮ್‌ವೇರಿನಲ್ಲಿ ಮುದ್ರೆಯಿಲ್ಲದ ಕಾರ್ಯಕ್ರಮಗಳೂ ನಡೆಯುತ್ತವೆಂಬುದನ್ನು ಹವ್ಯಾಸಿಗಳು ೨೦೦೫ರಲ್ಲಿ ಕಂಡುಕೊಂಡರು. ೧.೫೦ ಫರ್ಮ್‌ವೇರಿನಲ್ಲಿ ಈ ದಾರಿ ಮುಚ್ಚಿತ್ತು. ಆಗ ಅವರು ಹಿಡಿದ ಉಪಾಯ ಬಹು ಸರಳವಾದದ್ದು. ಯಂತ್ರ ಮೊದಲು ಮೆಮೊರಿ ಸ್ಟಿಕ್ಕನ್ನು ಪರೀಕ್ಷಿಸಿ, ಅನಂತರ ಅದರಿಂದ ಕಾರ್ಯಕ್ರಮವನ್ನು ಓದುತ್ತದೆ. ಈ ಎರಡು ಕ್ರಿಯೆಗಳ ನಡುವಿನ ಕ್ಷಣದಲ್ಲಿ ಒಂದು ಸ್ಟಿಕ್ಕನ್ನು ತೆಗೆದು ಇನ್ನೊಂದನ್ನು ತೂರಿಸಿದರೆ ಪರೀಕ್ಷೆಯಾದದ್ದು ಒಂದು, ಓದಿದ್ದು ಇನ್ನೊಂದು! ೨.೦೦ ಫರ್ಮ್‌ವೇರ್ ಬಂದಾಗ ದೋಷಪೂರಿತವಾದ ಚಿತ್ರಕಡತವೊಂದನ್ನು ಯಂತ್ರಕ್ಕೆ ತೋರಿಸಿ ದಾರಿ ಮಾಡಿಕೊಂಡರು.

ಸೋನಿ ಸಂಸ್ಥೆ ಹೊಸ ಹೊಸ ಫರ್ಮ್‌ವೇರುಗಳನ್ನು ಹೊರಡಿಸಿ, ಹೊಸ ಆಟಗಳಿಗೆ ಅವು ಕಡ್ಡಾಯವಾಗುವಂತೆ ಮಾಡಿತು. ಹಳೆಯ ಫರ್ಮ್‌ವೇರಿನಲ್ಲಿ ಉಳಿದರೆ ಹೊಸ ಆಟವಿಲ್ಲ, ಹೊಸದಕ್ಕೆ ಹೋದರೆ ಸ್ವಾತಂತ್ರ್ಯವಿಲ್ಲ ಎಂಬ ಇಕ್ಕಟ್ಟು ಒದಗಿತು. ೨೦೦೬ರಿಂದ ಹರಡಿದ ಮಾರ್ಪಡಿಸಿದ ಫರ್ಮ್‌ವೇರುಗಳು ಈ ಇಕ್ಕಟ್ಟಿನ ಫಲ. ಅವು ಸಂಸ್ಥೆಯ ಹೊಸ ಸೌಲಭ್ಯಗಳನ್ನು ಉಳಿಸಿಕೊಂಡು ಬೀಗವನ್ನು ಮಾತ್ರ ತೆಗೆದುಹಾಕಿದವು. ೨೦೦೭ರಲ್ಲಿ ಬ್ಯಾಟರಿಯ ಒಳಗಿನ ಕ್ರಮಸಂಖ್ಯೆಯನ್ನು ತಿದ್ದಿದರೆ ಯಂತ್ರವು ತಾನು ದುರಸ್ತಿಗೆ ಬಂದಿರುವೆನೆಂದು ಭಾವಿಸಿ ಮೆಮೊರಿ ಸ್ಟಿಕ್ಕಿನಿಂದಲೇ ಎಚ್ಚರಗೊಳ್ಳುವುದೆಂಬ ರಹಸ್ಯವೂ ಬಯಲಾಯಿತು. ಕೆಟ್ಟುಹೋದ ಯಂತ್ರಗಳೂ ಇದರಿಂದ ಬದುಕಿದವು.

ಹೀಗೆ ತೆರೆದ ಯಂತ್ರದಲ್ಲಿ ಹಳೆಯ ಆಟ ನಡೆಯಲು ಎಮ್ಯುಲೇಟರ್ ಎಂಬ ಅನುಕರಣ ಕಾರ್ಯಕ್ರಮ ಬೇಕು. ಹಳೆಯ ಯಂತ್ರದ ಆಜ್ಞೆಗಳನ್ನು ಹೊಸ ಯಂತ್ರದ ಭಾಷೆಯಲ್ಲಿ ಹೇಳುವುದು ಅದರ ಕೆಲಸ. ಗೇಮ್ ಬಾಯಿಯ ಸಂಸ್ಕಾರಕದ ವೇಗ ಸುಮಾರು ೪.೧೯ ಮೆಗಾಹರ್ಟ್ಸ್ ಮಾತ್ರವಾದ್ದರಿಂದ ಒಂದೊಂದೇ ಆಜ್ಞೆಯನ್ನು ಆಗಿಂದಾಗ್ಗೆ ಅರ್ಥೈಸುತ್ತ ಹೋದರೂ ಸಾಕಾಗುತ್ತಿತ್ತು. ೨೦೦೧ರ ಗೇಮ್ ಬಾಯ್ ಅಡ್ವಾನ್ಸ್ ಇದಕ್ಕಿಂತ ಕಠಿನವಾದದ್ದು. ಅದರ ವೇಗ ೧೬.೭೮ ಮೆಗಾಹರ್ಟ್ಸ್. ಈ ಯಂತ್ರಕ್ಕಾಗಿ ರಚಿತವಾದ ಜಿಪಿಎಸ್‌ಪಿ ಎಂಬ ಎಮ್ಯುಲೇಟರ್ ಆಜ್ಞೆಗಳ ಗುಂಪನ್ನು ಒಮ್ಮೆ ಅನುವಾದಿಸಿ ಬರೆದಿಟ್ಟುಕೊಂಡು, ಮತ್ತೆ ಬೇಕಾದಾಗ ಆ ಅನುವಾದವನ್ನೇ ಬಳಸುವ ಕ್ರಮವನ್ನು ಅನುಸರಿಸಿತು. ಪ್ರತಿಯೊಂದು ಮಾತನ್ನೂ ಪ್ರತಿಸಲವೂ ಹೊಸದಾಗಿ ಹೇಳುವ ದುಭಾಷಿಗೂ ಲಿಖಿತ ಅನುವಾದವನ್ನು ಕೈಯಲ್ಲಿ ಹಿಡಿದವನಿಗೂ ಇರುವ ವ್ಯತ್ಯಾಸ ಇಲ್ಲಿದೆ. ಸ್ಥಳದ ಪ್ರಶ್ನೆಯಂತೂ ಏಳಲೇ ಇಲ್ಲ. ಟೆಟ್ರಿಸ್ ಆಟದ ಇಡೀ ಪಠ್ಯ ೩೨ ಕಿಲೋಬೈಟು. ಒಂದು ಗಿಗಾಬೈಟಿನ ಸ್ಟಿಕ್ಕಿನಲ್ಲಿ ಅಂಥವು ಮೂವತ್ತು ಸಾವಿರಕ್ಕೂ ಮಿಗಿಲಾಗಿ ಹಿಡಿಯುತ್ತವೆ.

೩. ಪ್ರತಿ ಮತ್ತು ಮೂಲ

ಓಲೆಗರಿಯ ಗ್ರಂಥಗಳನ್ನು ಸಂಪಾದಿಸುವವರು ಪ್ರತಿಕಾರನ ಕೈಗುಣವನ್ನು ಅರಿಯದೆ ಪಾಠವನ್ನು ನಿರ್ಣಯಿಸುವುದಿಲ್ಲ. ಇಲ್ಲಿಯೂ ಅದೇ ಎಚ್ಚರಿಕೆ ಅವಶ್ಯಕ. ಒಂದೇ ಆಟವನ್ನು ಮೂಲ ಯಂತ್ರದಲ್ಲಿಯೂ ಮಾರ್ಪಡಿಸಿದ ಯಂತ್ರದಲ್ಲಿಯೂ ಪಕ್ಕಪಕ್ಕದಲ್ಲಿಟ್ಟು ನೋಡಿದಾಗ ನಮಗೆ ಮುಖ್ಯವಾಗಿ ನಾಲ್ಕು ಬಗೆಯ ವ್ಯತ್ಯಾಸಗಳು ತೋರಿಬಂದಿವೆ.

ಮೊದಲನೆಯದು ಚಿತ್ರದ ಅಳತೆ. ೧೪೪ ಸಾಲುಗಳನ್ನು ಇಮ್ಮಡಿಸಿದರೆ ೨೮೮ ಆಗುತ್ತದೆ, ಪಿ.ಎಸ್.ಪಿ. ಪರದೆಯಲ್ಲಿರುವುದು ೨೭೨. ಹದಿನಾರು ಸಾಲುಗಳು ಹೊರಗುಳಿಯುತ್ತವೆ. ಆದ್ದರಿಂದ ಚಿತ್ರವನ್ನು ಅಂಚೆಚೀಟಿಯಷ್ಟು ಚಿಕ್ಕದಾಗಿ ನಡುವೆ ಇರಿಸಬೇಕು, ಇಲ್ಲವೆ ಅಸಮವಾಗಿ ಹಿಗ್ಗಿಸಬೇಕು. ಹಿಗ್ಗಿಸಿದಾಗ ಕೆಲವು ಬಿಂದುಗಳು ದಪ್ಪನಾಗಿ ಕೆಲವು ತೆಳ್ಳಗಾಗಿ, ಕಲಾವಿದನು ಬಿಂದುಬಿಂದುವಾಗಿ ಇಟ್ಟ ಮುಖದ ರೇಖೆ ಕದಡುತ್ತದೆ.

ಎರಡನೆಯದು ಬೆಳಕು. ಮೂಲ ಗೇಮ್ ಬಾಯಿಯ ಪರದೆ ನಿಧಾನವಾದದ್ದು. ಹಿಂದಿನ ಚಿತ್ರದ ನೆರಳು ಮುಂದಿನದರಲ್ಲಿ ಉಳಿಯುತ್ತಿತ್ತು. ಕೆಲವು ಆಟಗಳು ಒಂದು ಆಕೃತಿಯನ್ನು ಒಂದು ಕ್ಷಣ ತೋರಿಸಿ ಮರುಕ್ಷಣ ಅಳಿಸುತ್ತ, ಆ ನೆರಳಿನ ಬಲದಿಂದಲೇ ಅರೆಪಾರದರ್ಶಕ ಭ್ರಮೆಯನ್ನು ಉಂಟುಮಾಡುತ್ತಿದ್ದವು. ಚುರುಕಾದ ಪರದೆಯಲ್ಲಿ ಅದು ಬರಿಯ ಮಿಣುಕಾಟವಾಗಿ ಕಾಣುತ್ತದೆ. ಗೇಮ್ ಬಾಯ್ ಅಡ್ವಾನ್ಸ್‌ನ ಮೊದಲ ಮಾದರಿಗೂ ಬೆಳಕಿರಲಿಲ್ಲವಾಗಿ ಅದರ ಅನೇಕ ಆಟಗಳಲ್ಲಿ ಬಣ್ಣಗಳನ್ನು ಬೇಕೆಂದೇ ಗಾಢವಾಗಿ ಹಚ್ಚಲಾಗಿತ್ತು. ಬೆಳಗುವ ಪರದೆಯಲ್ಲಿ ಅವು ಕಣ್ಣು ಕುಕ್ಕುತ್ತವೆ. ಇದನ್ನು ನೋಡಿ ಆ ಕಾಲದ ಚಿತ್ರಕಾರರಿಗೆ ಅಭಿರುಚಿಯಿರಲಿಲ್ಲವೆಂದು ತೀರ್ಮಾನಿಸುವುದು ತಪ್ಪಾಗುತ್ತದೆ.

ಮೂರನೆಯದು ಯಂತ್ರದ ಅಂಗಗಳಿಗೆ ಸಂಬಂಧಿಸಿದ್ದು. ಗೇಮ್ ಬಾಯ್ ಎಚ್ಚರಗೊಂಡಾಗ ಸಂಸ್ಥೆಯ ಹೆಸರು ಮೇಲಿನಿಂದ ಇಳಿದುಬಂದು ಗಂಟೆಯ ದನಿ ಕೇಳಿಸುತ್ತದೆ. ಇದನ್ನು ನಡೆಸುವ ೨೫೬ ಬೈಟುಗಳ ಕಾರ್ಯಕ್ರಮ ಕಾರ್ಟ್ರಿಜ್ಜಿನಲ್ಲಿಲ್ಲ, ಯಂತ್ರದೊಳಗಿದೆ. ಆದುದರಿಂದ ಆಟದ ಪ್ರತಿಯಲ್ಲಿ ಅದು ಬರುವುದಿಲ್ಲ. ೨೦೦೩ರಲ್ಲಿ ಬಿಲ್ಲೆಯನ್ನು ಒಡೆದು ಸೂಕ್ಷ್ಮದರ್ಶಕದಲ್ಲಿ ಚಿತ್ರ ತೆಗೆದು ಬೈಟುಗಳನ್ನು ಒಂದೊಂದಾಗಿ ಓದಿದ ಮೇಲೆಯೇ ಅದು ದೊರೆಯಿತು. ೨೦೦೩ರಲ್ಲಿ ಬಂದ ಬೊಕ್ತಾಯ್ ಎಂಬ ಆಟ ಇನ್ನೂ ವಿಲಕ್ಷಣವಾದದ್ದು. ಅದರ ಕಾರ್ಟ್ರಿಜ್ಜಿನಲ್ಲಿ ಬಿಸಿಲನ್ನು ಅಳೆಯುವ ಸಾಧನವಿತ್ತು. ರಕ್ತಪಿಶಾಚಿಗಳನ್ನು ಗೆಲ್ಲಲು ಆಟಗಾರನು ನಿಜವಾದ ಬಿಸಿಲಿಗೆ ಹೋಗಿ ನಿಲ್ಲಬೇಕಾಗಿತ್ತು. ಪಿ.ಎಸ್.ಪಿ.ಯಲ್ಲಿ ಅಂಥ ಸಾಧನವಿಲ್ಲವಾದ್ದರಿಂದ ಬಿಸಿಲಿನ ಪ್ರಮಾಣವನ್ನು ಕೃತಕವಾಗಿ ಒದಗಿಸದೆ ಗತಿಯಿಲ್ಲ. ಪಠ್ಯ ಅಕ್ಷರಶಃ ಉಳಿದಿದ್ದರೂ ಕೃತಿ ಉಳಿದಿಲ್ಲವೆನ್ನುವುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ಬೇಕಿಲ್ಲ.

ನಾಲ್ಕನೆಯದೇ ನಮ್ಮ ದೃಷ್ಟಿಯಲ್ಲಿ ಅತಿ ಮುಖ್ಯವಾದದ್ದು. ಎರಡು ಗೇಮ್ ಬಾಯ್‌ಗಳನ್ನು ತಂತಿಯೊಂದರಿಂದ ಜೋಡಿಸಬಹುದಾಗಿತ್ತು. ಪೋಕೆಮಾನ್ ಆಟದ ಮೊದಲ ಸರಣಿಯಲ್ಲಿ ನಾಲ್ಕು ಜೀವಿಗಳು ಇನ್ನೊಬ್ಬ ಆಟಗಾರನೊಡನೆ ವಿನಿಮಯವಾದ ಹೊರತು ಅಂತಿಮ ರೂಪಕ್ಕೆ ಬೆಳೆಯುವುದಿಲ್ಲ. ಒಂದೇ ಕಾರ್ಟ್ರಿಜ್ಜಿನಲ್ಲಿ ಎಲ್ಲ ಜೀವಿಗಳೂ ದೊರೆಯುವುದಿಲ್ಲ. ಗೆಳೆಯನನ್ನು ಹುಡುಕಿಕೊಂಡು ಹೋಗುವುದು ಆಟದ ನಿಯಮದಲ್ಲಿಯೇ ಅಡಕವಾಗಿತ್ತು. ಆ ತಂತಿಯಿಲ್ಲದೆ ಒಬ್ಬನೇ ಆಡುವವನಿಗೆ ಈ ಸಾಮಾಜಿಕ ಅಂಶ ಕಾಣುವುದೇ ಇಲ್ಲ. ಮೇಲಾಗಿ ಎಮ್ಯುಲೇಟರಿನಲ್ಲಿ ಯಾವ ಕ್ಷಣದಲ್ಲಿ ಬೇಕಾದರೂ ಆಟವನ್ನು ಹಿಡಿದಿಟ್ಟು ಸೋತಾಗ ಹಿಂದಕ್ಕೆ ಮರಳಬಹುದು. ಸೋಲಿನ ಭಯವಿಲ್ಲದ ಆಟಗಾರನು ಮೂಲ ಆಟದ ಕಾಠಿನ್ಯವನ್ನು ಅಳೆಯಲು ಅರ್ಹನಾದ ಸಾಕ್ಷಿಯಲ್ಲ.

ಇಷ್ಟಾದರೂ ಪ್ರತಿಯಿಂದ ದೊರೆತ ಲಾಭವನ್ನು ಮರೆಯಲಾಗದು. ೨೦೦೬ರಲ್ಲಿ ಜಪಾನಿನಲ್ಲಿ ಮಾತ್ರ ಹೊರಬಂದ ಮದರ್ ೩ ಎಂಬ ಆಟವನ್ನು ಅಭಿಮಾನಿಗಳು ಇಂಗ್ಲಿಷಿಗೆ ಅನುವಾದಿಸಿ ೨೦೦೮ರಲ್ಲಿ ಬಿಡುಗಡೆ ಮಾಡಿದರು. ಜಪಾನೀ ಭಾಷೆ ಬಾರದವರು ಆ ಕೃತಿಯನ್ನು ಅರಿತದ್ದು ಇಂಥ ಯಂತ್ರಗಳ ಮೂಲಕವೇ.

೪. ನ್ಯಾಯ ಮತ್ತು ನಷ್ಟ

ಎಮ್ಯುಲೇಟರನ್ನು ರಚಿಸುವುದು ಸ್ವತಃ ಅಪರಾಧವಲ್ಲವೆಂಬ ವಾದಕ್ಕೆ ಅಮೆರಿಕದಲ್ಲಿ ೨೦೦೦ದ ಸೋನಿ ಮತ್ತು ಕನೆಕ್ಟಿಕ್ಸ್ ಮೊಕದ್ದಮೆಯ ಮೇಲ್ಮನವಿಯ ತೀರ್ಪು ಆಧಾರವಾಗಿದೆ. ಬೀಗ ಮುರಿಯುವುದನ್ನು ಮಾತ್ರ ಅಲ್ಲಿಯ ೧೯೯೮ರ ಕಾಯಿದೆ ನಿಷೇಧಿಸುತ್ತದೆ. ನಮ್ಮ ದೇಶದ ೧೯೫೭ರ ಕೃತಿಸ್ವಾಮ್ಯ ಕಾಯಿದೆಯ ೫೨ನೆಯ ಕಲಮು, ಕಾರ್ಯಕ್ರಮದ ಪ್ರತಿಯನ್ನು ನ್ಯಾಯವಾಗಿ ಹೊಂದಿದವನು ನಷ್ಟದಿಂದ ಕಾಪಾಡಿಕೊಳ್ಳಲು ಬದಲಿ ಪ್ರತಿ ಮಾಡಿಕೊಳ್ಳುವುದಕ್ಕೆ ಅವಕಾಶ ಕೊಡುತ್ತದೆ. ೨೦೧೨ರ ತಿದ್ದುಪಡಿಯಿಂದ ಸೇರಿದ ೬೫ಎ ಕಲಮು ಬೀಗ ಮುರಿಯುವುದನ್ನು ಕುರಿತದ್ದು. ಕೊಳ್ಳದ ಆಟವನ್ನು ಪ್ರತಿಮಾಡಿ ಹಂಚುವುದಕ್ಕೆ ಈ ಯಾವುದರಲ್ಲಿಯೂ ಸಮರ್ಥನೆಯಿಲ್ಲ. ಮಾರ್ಪಡಿಸಿದ ಯಂತ್ರಗಳಲ್ಲಿ ಅಂಥ ಪ್ರತಿಗಳು ಧಾರಾಳವಾಗಿದ್ದವೆಂಬುದನ್ನೂ ಮರೆಮಾಚಬೇಕಾಗಿಲ್ಲ.

ಆದರೆ ನ್ಯಾಯವಾದ ದಾರಿ ಎಷ್ಟು ತೆರೆದಿದೆ ಎಂಬುದನ್ನೂ ನೋಡಬೇಕು. ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ ೨೦೨೩ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ೨೦೧೦ಕ್ಕೆ ಮೊದಲು ಅಮೆರಿಕದಲ್ಲಿ ಹೊರಬಂದ ಆಟಗಳಲ್ಲಿ ಶೇಕಡ ೮೭ರಷ್ಟು ಮಾರುಕಟ್ಟೆಯಲ್ಲಿ ದೊರೆಯುವುದಿಲ್ಲ. ೨೦೧೧ರಿಂದ ಗೇಮ್ ಬಾಯ್ ಆಟಗಳನ್ನು ಮಾರುತ್ತಿದ್ದ ನಿಂಟೆಂಡೊ ೩ಡಿಎಸ್ ಅಂಗಡಿ ೨೦೨೩ರ ಮಾರ್ಚ್ ೨೭ರಂದು ಮುಚ್ಚಿತು. ಗ್ರಂಥಾಲಯಗಳು ಹಳೆಯ ಆಟಗಳನ್ನು ಸಂಶೋಧಕರಿಗೆ ದೂರದಿಂದ ಒದಗಿಸಲು ಕೋರಿದ ವಿನಾಯಿತಿ ಅಮೆರಿಕದಲ್ಲಿ ೨೦೨೪ರ ಅಕ್ಟೋಬರಿನಲ್ಲಿ ತಿರಸ್ಕೃತವಾಯಿತು. ಸಂಸ್ಥೆಗಳು ಲಾಭವಿಲ್ಲವೆಂದು ಕೈಬಿಟ್ಟುದನ್ನೂ ಗ್ರಂಥಾಲಯಗಳು ಅನುಮತಿಯಿಲ್ಲದೆ ಕೊಡಲಾಗದುದನ್ನೂ ಅನುಮತಿ ಕೇಳದ ಹವ್ಯಾಸಿಗಳು ಉಳಿಸಿದರು. ಇದು ಹೊಗಳಿಕೆಯ ಮಾತೂ ಅಲ್ಲ, ನಿಂದೆಯೂ ಅಲ್ಲ; ನಡೆದ ಸಂಗತಿ.

೫. ಉಪಸಂಹಾರ

ಮೇಲಿನ ವಿವೇಚನೆಯಿಂದ ಮಾರ್ಪಡಿಸಿದ ಯಂತ್ರದಲ್ಲಿ ಆಡಿದ ಹಳೆಯ ಆಟವನ್ನು ಮೂಲವೆಂದು ಹೇಳಲಾಗದು, ಹಾಗೆಂದು ತಳ್ಳಿಹಾಕಲೂ ಆಗದು ಎಂದು ಸಿದ್ಧಪಡುತ್ತದೆ. ಅದನ್ನು ಒಂದು ಪಾಠಾಂತರವೆಂದು ತಿಳಿದು ಬಳಸುವುದೇ ಉಚಿತ. ಅಂಥ ಸಾಕ್ಷ್ಯವನ್ನು ಉಲ್ಲೇಖಿಸುವವರು ಯಂತ್ರದ ಮಾದರಿ, ಫರ್ಮ್‌ವೇರಿನ ಸಂಖ್ಯೆ, ಎಮ್ಯುಲೇಟರಿನ ಆವೃತ್ತಿ, ಚಿತ್ರವನ್ನು ಹಿಗ್ಗಿಸಿದ ಬಗೆ ಇವನ್ನು ತಪ್ಪದೆ ನಮೂದಿಸಬೇಕೆಂದೂ, ಸಾಧ್ಯವಾದಲ್ಲಿ ಮೂಲ ಯಂತ್ರದೊಡನೆ ಒಮ್ಮೆಯಾದರೂ ಹೋಲಿಸಿ ನೋಡಬೇಕೆಂದೂ ನಾವು ಸೂಚಿಸುತ್ತೇವೆ.

ಈ ಕೆಲಸಕ್ಕೆ ಕಾಲಾವಕಾಶ ಹೆಚ್ಚಿಲ್ಲ. ಪಿ.ಎಸ್.ಪಿ.ಯ ತಯಾರಿಕೆ ೨೦೧೪ರಲ್ಲಿ ನಿಂತಿತು. ಅದರ ಬ್ಯಾಟರಿಗಳು ಊದಿಕೊಂಡು ಕೆಡುತ್ತಿವೆ. ಪಿ.ಎಸ್.ಪಿ.ಯನ್ನೇ ಬೇರೆ ಯಂತ್ರಗಳಲ್ಲಿ ಅನುಕರಿಸುವ ಪಿಪಿಎಸ್‌ಎಸ್‌ಪಿಪಿ ಎಂಬ ಕಾರ್ಯಕ್ರಮ ೨೦೧೨ರಲ್ಲಿಯೇ ಬಂದಿದೆ. ಗೇಮ್ ಬಾಯಿಯನ್ನು ಅನುಕರಿಸಿದ ಯಂತ್ರವೇ ಈಗ ಅನುಕರಣೆಗೆ ಒಳಗಾಗಿದೆ. ಪ್ರತಿಯ ಪ್ರತಿಯಲ್ಲಿ ಯಾವ ದೋಷ ಯಾವ ಹಂತದಲ್ಲಿ ಸೇರಿತೆಂದು ಹೇಳಬಲ್ಲ ಮೂಲ ಯಂತ್ರಗಳೂ ಅವನ್ನು ಆಡಿದವರೂ ಇನ್ನೂ ನಮ್ಮ ನಡುವೆ ಇರುವಾಗಲೇ ಈ ಹೋಲಿಕೆಗಳು ದಾಖಲಾಗಬೇಕು.