ಡೆಬೋರಾ ಕೊಂಪಾನ್ಯೋನಿ: ಮೂರು ಒಲಿಂಪಿಕ್ಸ್, ಮೂರು ಚಿನ್ನ

ಇಟಲಿಯ ಉತ್ತರದಂಚಿನ ಆಲ್ಪ್ಸ್ ಹಳ್ಳಿ ಸಾಂತಾ ಕತೆರಿನಾ ವಾಲ್ಫುರ್ವಾ. ಆಲ್ಪೈನ್ ಸ್ಕೀಯಿಂಗ್ ಪಟು ಡೆಬೋರಾ ಬೆಳೆದದ್ದು ಇಲ್ಲಿ. ಹುಟ್ಟಿದ್ದು 1970ರಲ್ಲಿ, ಸಮೀಪದ ಬೋರ್ಮಿಯೊದಲ್ಲಿ.

1992ರ ಫೆಬ್ರವರಿ 18. ಫ್ರಾನ್ಸಿನ ಆಲ್ಬರ್ಟ್‌ವಿಲ್ ಒಲಿಂಪಿಕ್ಸ್‌ನ ಸೂಪರ್-ಜಿ ಸ್ಪರ್ಧೆ ಮೆರಿಬೆಲ್‌ನ ಇಳಿಜಾರಿನಲ್ಲಿ ನಡೆಯಿತು. ನೂರರಲ್ಲೊಂದು ಸೆಕೆಂಡು ಪದಕ ತಪ್ಪಿಸುವ ಈ ಆಟದಲ್ಲಿ ಅವರು ಆತಿಥೇಯ ದೇಶದ ಕರೋಲ್ ಮೆರ್ಲ್‌ ಅವರನ್ನು 1.41 ಸೆಕೆಂಡುಗಳಿಂದ ಹಿಂದಿಕ್ಕಿ ಚಿನ್ನ ಗೆದ್ದರು. ಮರುದಿನವೇ ಜೈಂಟ್ ಸ್ಲಾಲಮ್ ಓಟದಲ್ಲಿ ಬಿದ್ದು ಎಡಮಂಡಿಯ ಅಸ್ಥಿರಜ್ಜು ಹರಿಯಿತು. ನೋವಿನ ಆ ಚೀರಾಟವನ್ನು ಟಿ.ವಿ. ನೋಡುತ್ತಿದ್ದ ಇಟಲಿ ಕೇಳಿಸಿಕೊಂಡಿತು.

ಎರಡೇ ವರ್ಷಗಳಲ್ಲಿ, 1994ರ ಲಿಲ್ಲೆಹ್ಯಾಮರ್ ಒಲಿಂಪಿಕ್ಸ್‌ನಲ್ಲಿ, ಅದೇ ಜೈಂಟ್ ಸ್ಲಾಲಮ್‌ನಲ್ಲಿ ಚಿನ್ನ! ಅವರ ವೃತ್ತಿಜೀವನದ ಅತಿ ದೊಡ್ಡ ಗೆಲುವು ಇದೇ ಎನ್ನಬೇಕು. 1996 ಮತ್ತು 1997ರಲ್ಲಿ ವಿಶ್ವ ಚಾಂಪಿಯನ್ ಪಟ್ಟಗಳೂ ಬಂದವು. 1998ರಲ್ಲಿ ಜಪಾನಿನ ನಗಾನೊದಲ್ಲಿ ಜೈಂಟ್ ಸ್ಲಾಲಮ್ ಚಿನ್ನವನ್ನು 1.80 ಸೆಕೆಂಡುಗಳ ಅಂತರದಿಂದ ಉಳಿಸಿಕೊಂಡರು. ಸ್ಲಾಲಮ್‌ನಲ್ಲಿ ಮಾತ್ರ ಕೇವಲ 0.06 ಸೆಕೆಂಡಿನಿಂದ ಚಿನ್ನ ಕೈತಪ್ಪಿ ಜರ್ಮನಿಯ ಹಿಲ್ಡೆ ಗೆರ್ಗ್ ಪಾಲಾಯಿತು, ಇವರಿಗೆ ಬೆಳ್ಳಿ.

ಮೂರು ಬೇರೆ ಬೇರೆ ಚಳಿಗಾಲದ ಒಲಿಂಪಿಕ್ಸ್‌ಗಳಲ್ಲಿ ಆಲ್ಪೈನ್ ಸ್ಕೀಯಿಂಗ್ ಚಿನ್ನ ಗೆದ್ದವರಲ್ಲಿ, ಪುರುಷರನ್ನೂ ಸೇರಿಸಿ, ಇವರೇ ಮೊದಲಿಗರು. ಮಂಡಿಗಳು ಮತ್ತೆ ಮತ್ತೆ ಕಾಡದೇ ಇದ್ದಿದ್ದರೆ ವಿಶ್ವಕಪ್‌ನ 16 ಗೆಲುವುಗಳ ಲೆಕ್ಕ ಇನ್ನೂ ಬೆಳೆಯುತ್ತಿತ್ತು.

1999ರಲ್ಲಿ ನಿವೃತ್ತರಾದರು. ಸಾಂತಾ ಕತೆರಿನಾದ ಮುಖ್ಯ ಸ್ಪರ್ಧಾ ಇಳಿಜಾರಿಗೆ ಈಗ ಅವರದೇ ಹೆಸರು.