ಆಯುಧಧಾರಣೆಯೂ ರಾಜಮುದ್ರೆಯೂ

ಕೌಟಿಲ್ಯನ ಅರ್ಥಶಾಸ್ತ್ರದ ಐದನೆಯ ಅಧಿಕರಣದಲ್ಲಿ ಭೃತ್ಯಭರಣೀಯವೆಂಬ ಪ್ರಕರಣವೊಂದಿರುವುದು. ಸೇವಕರ ವೇತನವನ್ನು ವಿಧಿಸುತ್ತ ಹೋಗುವ ಆಚಾರ್ಯನು ನಡುವೆ ಆಯುಧದ ಮಾತನ್ನೆತ್ತಿ, ಶಸ್ತ್ರಗಳನ್ನೂ ಕವಚಗಳನ್ನೂ ಆಯುಧಾಗಾರದಲ್ಲಿಡತಕ್ಕದ್ದೆಂದೂ, ಮುದ್ರೆಯಿಂದ ಅನುಜ್ಞೆ ಪಡೆದವರನ್ನುಳಿದು ಮಿಕ್ಕವರು ಶಸ್ತ್ರವಿಲ್ಲದೆ ಸಂಚರಿಸತಕ್ಕದ್ದೆಂದೂ, ಅದನ್ನು ಕಳೆದವನು ಇಮ್ಮಡಿ ತೆರಬೇಕೆಂದೂ ಹೇಳುತ್ತಾನೆ. ವರ್ತಕರ ಸಾರ್ಥವು ಗಡಿಗೆ ಬಂದಾಗ ಅಂತಪಾಲರು ಅವರ ಆಯುಧಗಳನ್ನು ತೆಗೆದುಕೊಳ್ಳಬೇಕು; ಇಲ್ಲವೇ ಮುದ್ರೆಯೊತ್ತಿ ಹೋಗಗೊಡಬೇಕು. ಮೈಸೂರಿನ ಪ್ರಾಚ್ಯ ಪುಸ್ತಕಭಂಡಾರದಲ್ಲಿದ್ದ ಓಲೆಯ ಪ್ರತಿಯಿಂದ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಈ ಗ್ರಂಥವನ್ನು ಪ್ರಕಟಿಸಿ ಲೋಕೋಪಕಾರ ಮಾಡಿದ ಮೇಲೆ ವಿದ್ವಾಂಸರ ಚರ್ಚೆಯು ಬಹುಮಟ್ಟಿಗೆ ಕರ, ಗೂಢಚಾರ, ಷಾಡ್ಗುಣ್ಯಗಳ ಕಡೆಗೆ ಹರಿಯಿತು. ಇಂದು ಲೈಸೆನ್ಸ್ ಎಂದು ವ್ಯವಹರಿಸುವ ಪದಾರ್ಥದ ಪೂರ್ವರೂಪವು ಈ ಸಣ್ಣ ಸೂತ್ರಗಳಲ್ಲಿ ಅಡಗಿದೆಯೆಂಬುದನ್ನು ವಾಚಕರು ಗಮನಿಸಬೇಕು.

ಆದರೆ ಒಂದು ವಿಶೇಷ. ಸೂತ್ರದ ವ್ಯಾಪ್ತಿಯು ಅರಸನ ಸೇವಕರಿಗೂ ಗಡಿ ದಾಟುವ ವರ್ತಕರಿಗೂ ಸಲ್ಲುವುದೇ ಹೊರತು, ತನ್ನ ಹಟ್ಟಿಯನ್ನೂ ಹೊಲವನ್ನೂ ಕಾಯುವ ಒಕ್ಕಲಿಗನ ಮನೆಯೊಳಗೆ ಕಾಲಿಡುವುದಿಲ್ಲ. ಕನ್ನಡ ನಾಡಿನ ವೀರಗಲ್ಲುಗಳನ್ನು ನೋಡಿದವರಿಗೆ ಇದರ ಅಭಿಪ್ರಾಯವು ತಾನೇ ತಿಳಿಯುತ್ತದೆ. ತುರುಗೋಳಿನಲ್ಲಿಯೂ ಊರಳಿವಿನಲ್ಲಿಯೂ ಬಿದ್ದು ಕಲ್ಲಾದವರಲ್ಲಿ ದಂಡಿನವರಲ್ಲದವರು ಎಷ್ಟೋ ಮಂದಿ. ಅವರ ಕೈಯ ಬಿಲ್ಲುಬಾಳುಗಳಿಗೆ ಯಾರೂ ಮುದ್ರೆ ಕೇಳಿದ ಹಾಗೆ ಕಾಣೆವು. ಸತ್ತವನ ಮನೆಯವರಿಗೆ ನೆತ್ತರುಗೊಡಗಿಯಾಗಿ ಭೂಮಿ ಬರುತ್ತಿತ್ತು. ಕ್ರಿ. ಶ. 949-50ರ ಆತಕೂರ ಶಾಸನದಲ್ಲಿ ಬೂತುಗನು ಮಣಲೆರನಿಗೆ ಊರುಗಳನ್ನು ಬಾಳ್ಗಚ್ಚಾಗಿ ಕೊಟ್ಟುದನ್ನು ನಾವೆಲ್ಲ ಓದಿದ್ದೇವೆ. (ಅದೇ ಶಾಸನದ ಕಾಳಿಯೆಂಬ ನಾಯಿಯ ಕಥೆಯೇ ವಿದ್ಯಾರ್ಥಿಗಳ ನೆನಪಿನಲ್ಲಿ ಹೆಚ್ಚಾಗಿ ಉಳಿಯುತ್ತದೆ, ಬಾಳ್ಗಚ್ಚು ಮರೆತುಹೋಗುತ್ತದೆ.) ಬಾಳನ್ನು ತೊಳೆದ ನೀರು ಎಂಬ ಈ ಮಾತಿನಲ್ಲಿ ಭೂಮಿಗೂ ಆಯುಧಕ್ಕೂ ಇದ್ದ ನಂಟು ಇಡಿಯಾಗಿ ಅಡಗಿದೆ. ಆಯುಧ ಹಿಡಿಯುವುದು ಊಳಿಗ. ಊಳಿಗಕ್ಕೆ ಪ್ರತಿಯಾದುದು ಭೂಮಿ.

ಕೊಡಗಿನ ಜಮ್ಮಾ ಹಿಡುವಳಿಯು ಈ ಪ್ರಾಚೀನ ನ್ಯಾಯದ್ದೇ ಕೊನೆಯ ಕವಲೆಂದು ನನ್ನ ಮತ. ಹಾಲೇರಿ ಅರಸರ ಕಾಲದಲ್ಲಿ ಜಮ್ಮಾ ಭೂಮಿಯನ್ನು ಒಕ್ಕಲು ಒಕ್ಕಲಾಗಿ ವಂಶಪಾರಂಪರ್ಯವಾಗಿ ಅನುಭವಿಸುತ್ತಿದ್ದವರು, ಅರಸನು ಕರೆದಾಗ ಆಯುಧಪಾಣಿಗಳಾಗಿ ಹೊರಡಬೇಕು. ಕೋಟೆ, ಅರಮನೆ, ಗಡಿಗಳ ಕಾವಲು ಮಾಡಬೇಕು. ಅದಕ್ಕೆ ಪ್ರತಿಯಾಗಿ ಕಂದಾಯದಲ್ಲಿ ಅರ್ಧ ರಿಯಾಯಿತಿ. ಆಂಗ್ಲೇಯರ ಕಾಲದ ಲೆಕ್ಕದಂತೆ 100 ಭಟ್ಟಿ ಗದ್ದೆಗೆ ಸಾಗು ಹಿಡುವಳಿಯಲ್ಲಿ 10 ರೂಪಾಯಿಯಾದರೆ ಜಮ್ಮಾದಲ್ಲಿ 5 ರೂಪಾಯಿ. ಉಳಿದ 5 ರೂಪಾಯಿಯ ಬೆಲೆಯನ್ನು ಮನೆಯ ಕೋವಿಯು ತೀರಿಸುತ್ತಿತ್ತೆಂದರೆ ಅತಿಶಯೋಕ್ತಿಯಾಗದು. ಆ ಕೋವಿಗೆ ಅಲ್ಲಿನ ಮಾತಿನಲ್ಲಿ ತೋಕ್ ಎಂದು ಹೆಸರು. ಗಂಡುಮಗು ಹುಟ್ಟಿದಾಗ ಒಂದು ಗುಂಡು, ಸಾವಿನಲ್ಲಿ ಎರಡು ಗುಂಡು ಹಾರಿಸುವ ವಾಡಿಕೆಯೂ, ಪುತ್ತರಿಯಲ್ಲಿ ಕದಿರು ಕೊಯ್ಯುವಾಗ ಗುಂಡಿನ ಸದ್ದು ಮಾಡುವುದೂ, ನಾಟಿ ಮುಗಿದ ಮೇಲೆ ಬರುವ ಕೈಲ್‌ಪೊಳ್ದಿನಲ್ಲಿ ಆಯುಧಗಳಿಗೆ ತೋಕ್‌ಪೂವನ್ನು ಮುಡಿಸಿ ಪೂಜಿಸುವುದೂ ಪ್ರಸಿದ್ಧ. ನಾಟಿಯ ಕೊನೆಗೂ ಆಯುಧಪೂಜೆಗೂ ಏನು ಸಂಬಂಧವೆಂದು ಕೇಳುವವರು, ಭೂಮಿಯೂ ಊಳಿಗವೂ ಒಂದೇ ಸನ್ನದಿನ ಎರಡು ಮುಖಗಳಾಗಿದ್ದುವೆಂಬುದನ್ನು ನೆನೆದರೆ ಉತ್ತರ ಸಿಕ್ಕುತ್ತದೆ.

ಈ ವ್ಯವಸ್ಥೆಯನ್ನು ಬೇರುಸಹಿತ ಬದಲಿಸಿದುದು 1857ರ 28ನೆಯ ಆಕ್ಟು. ಉತ್ತರ ಹಿಂದೂಸ್ಥಾನದಲ್ಲಿ ದಂಗೆಯೆದ್ದ ಸಮಯದಲ್ಲಿ, ಅದೇ ವರ್ಷದ ಸೆಪ್ಟೆಂಬರಿನಲ್ಲಿ, ತಾತ್ಕಾಲಿಕವಾಗಿ ಹುಟ್ಟಿದ ಈ ಶಾಸನವು 1860ರ 31ನೆಯ ಆಕ್ಟಾಗಿ ಮುಂದುವರಿಯಿತು; 1878ರಲ್ಲಿ ಲಿಟ್ಟನ್ ಪ್ರಭುವಿನ ಆಡಳಿತದಲ್ಲಿ ಸ್ಥಿರರೂಪವನ್ನು ತಾಳಿತು. ಆಯುಧವಿರುವುದು ಸಹಜ, ಅದನ್ನು ಕಸಿಯುವುದಕ್ಕೆ ಕಾರಣ ಬೇಕು ಎಂಬುದು ಹಿಂದಿನ ನ್ಯಾಯ. ಆಯುಧವಿಲ್ಲದಿರುವುದೇ ಪ್ರಜೆಯ ಸಹಜಸ್ಥಿತಿ, ಇರುವುದಕ್ಕೆ ಸರ್ಕಾರದ ಕಾಗದ ಬೇಕು ಎಂಬುದು ಹೊಸ ನ್ಯಾಯ. ಕೌಟಿಲ್ಯನ ಮುದ್ರೆಯು ಗಡಿಯಿಂದ ಹೊರಟು ಮನೆಯ ಬಾಗಿಲಿಗೆ ಬಂದಿತು.

ಇದರ ಮೊದಲ ಬಿಸಿ ತಟ್ಟಿದ ಕನ್ನಡದ ಊರು ಹಲಗಲಿ. ಆಗ ಘೋರ್ಪಡೆಯವರ ಮುಧೋಳ ಸಂಸ್ಥಾನಕ್ಕೆ ಸೇರಿದ್ದು, ಈಗ ಬಾಗಲಕೋಟೆ ಜಿಲ್ಲೆಯಲ್ಲಿರುವುದು. ಅಲ್ಲಿನ ಬೇಡರು ಆಯುಧಗಳನ್ನು ಒಪ್ಪಿಸಲೊಲ್ಲೆವೆಂದರು. 1857ರ ನವೆಂಬರ್ ತಿಂಗಳ ಕೊನೆಯಲ್ಲಿ ದಂಡು ಬಂದು ಊರನ್ನು ಮುತ್ತಿ ಬೆಂಕಿಯಿಟ್ಟಿತು; ಅನೇಕರು ಸತ್ತರು; ಸೆರೆ ಸಿಕ್ಕವರಲ್ಲಿ 19 ಮಂದಿಯನ್ನು ಡಿಸೆಂಬರಿನಲ್ಲಿ ಮುಧೋಳದಲ್ಲಿಯೂ ಹಲಗಲಿಯಲ್ಲಿಯೂ ಗಲ್ಲಿಗೇರಿಸಿದರು. ಕುರ್ತಕೋಟಿಯ ಕಲ್ಮೇಶನ ಅಂಕಿತವುಳ್ಳ ಲಾವಣಿಯು ಈ ವೃತ್ತಾಂತವನ್ನು ನಮಗೆ ಉಳಿಸಿಕೊಟ್ಟಿದೆ. ಅದನ್ನು ಬರೆಯಿಸಿಕೊಂಡು ಇಂಡಿಯನ್ ಆಂಟಿಕ್ವರಿಯಲ್ಲಿ ಅಚ್ಚು ಮಾಡಿಸಿದವನು, ಶಾಸನಗಳಿಂದ ನಮಗೆ ಪರಿಚಿತನಾದ ಫ್ಲೀಟನೇ. ಆಳುವವರ ಅಧಿಕಾರಿಯೊಬ್ಬನು ಆಳುವವರ ವಿರುದ್ಧದ ಹಾಡನ್ನು ಅಷ್ಟು ಜೋಪಾನವಾಗಿ ಸಂಗ್ರಹಿಸಿದುದು ಆಶ್ಚರ್ಯ. ಅದಕ್ಕೆ ನಾವು ಅವನಿಗೆ ಋಣಿಗಳು.

ಲಾವಣಿಯನ್ನು ಪಾಠ ಹೇಳುವವರು ಹನುಮ, ಬಾಲ, ಜಡಗ, ರಾಮ ಈ ನಾಲ್ವರ ಶೌರ್ಯವನ್ನು ವರ್ಣಿಸಿ ನಿಲ್ಲುವುದು ರೂಢಿ. ಇತಿಹಾಸಕ್ಕೆ ಅದಕ್ಕಿಂತ ಉಪಯುಕ್ತವಾದ ಭಾಗ ಬೇರೊಂದುಂಟು: ದಂಡಿನವರು ಊರಿನಿಂದ ಏನೇನು ಹೊತ್ತೊಯ್ದರೆಂಬ ಪಟ್ಟಿ. ಅದರಲ್ಲಿ ಕತ್ತಿ ಕೊಡಲಿಗಳ ಬೆನ್ನಿಗೇ ಹಾಲು ಬೆಣ್ಣೆಗಳೂ, ಅಡಿಗೆಮನೆಯ ಸಾಮಾನುಗಳೂ, ಬೀಸುವ ಕಲ್ಲೂ, ಮಂಗಳಸೂತ್ರವೂ ಬರುತ್ತವೆ. ಕವಿಯು ದುಃಖವನ್ನು ಹೆಚ್ಚಿಸುವುದಕ್ಕಾಗಿ ಹೀಗೆ ಹೇಳಿದನೆಂದು ಅಲಂಕಾರಶಾಸ್ತ್ರಜ್ಞರು ಹೇಳಬಹುದು. ನನಗೆ ತೋರುವುದು ಬೇರೆ. ಲಾವಣಿಯಲ್ಲಿ ಹತಾರವೆಂಬ ಶಬ್ದವು ಆಕ್ಟಿನಲ್ಲಿರುವ ಆಯುಧವೆಂಬ ಶಬ್ದಕ್ಕೆ ಸಮವಾಗಲಾರದು. ಆಕ್ಟಿಗೆ ಕೊಡಲಿ ಒಂದು ವರ್ಗ, ಬೀಸುಕಲ್ಲು ಇನ್ನೊಂದು ವರ್ಗ. ಬೇಡನಿಗೆ ಎರಡೂ ಬದುಕಿನ ಉಪಕರಣಗಳು. ಬೇಟೆಯೂ ಊರಿನ ಕಾವಲೂ ಅವನ ವೃತ್ತಿಯಾಗಿರುವಾಗ ಹತಾರವನ್ನು ಕೊಡು ಎಂದರೆ ನೇಗಿಲನ್ನು ಕೊಡು ಎಂದು ಒಕ್ಕಲಿಗನಿಗೆ ಹೇಳಿದಂತೆ. ಹಲಗಲಿಯವರನ್ನು ರಾಜದ್ರೋಹಿಗಳೆಂದು ಬರೆದ ಅಧಿಕಾರಿಗಳಿಗೆ ಈ ಭೇದವು ಹೊಳೆಯಲಿಲ್ಲ.

ಇದೇ ಶಾಸನವು ಕೊಡಗಿನಲ್ಲಿ ಪಡೆದ ಗತಿಯನ್ನು ನೋಡಿರಿ. 1861ರಲ್ಲಿ ಮೈಸೂರು ಕೊಡಗುಗಳ ಕಮಿಷನರನಾಗಿದ್ದ ಮಾರ್ಕ್ ಕಬ್ಬನ್, ನಿರಾಯುಧೀಕರಣದ ಆಕ್ಟು ಕೊಡಗರಿಗೆ ಅನ್ವಯಿಸತಕ್ಕದ್ದಲ್ಲವೆಂದು ಪ್ರಕಟನೆ ಹೊರಡಿಸಿದನು. ಅವರ ನಿಷ್ಠೆ, ಶೌರ್ಯಗಳನ್ನು ಹೊಗಳಿ, ಬ್ರಿಟಿಷ್ ಸರ್ಕಾರಕ್ಕೆ ಅವರು ಸಲ್ಲಿಸಿದ ಸೇವೆಯನ್ನು ಅದರಲ್ಲಿ ಸ್ಮರಿಸಿದನು. ಸೇವೆಗಳಲ್ಲಿ ಮುಖ್ಯವಾದುದು ಯಾವುದು? 1834ರಲ್ಲಿ ಚಿಕ್ಕವೀರರಾಜೇಂದ್ರನ ರಾಜ್ಯವು ಕಂಪನಿಯ ಕೈ ಸೇರಿದ ಮೇಲೆ ಅಮರ ಸುಳ್ಯದ ಸೀಮೆಯನ್ನು ಕೊಡಗಿನಿಂದ ಬೇರ್ಪಡಿಸಿ ದಕ್ಷಿಣ ಕನ್ನಡಕ್ಕೆ ಸೇರಿಸಿದರು. ಧಾನ್ಯರೂಪದ ಕಂದಾಯವನ್ನು ನಾಣ್ಯಕ್ಕೆ ಬದಲಿಸಿದರು. ರೈತರು 1837ರಲ್ಲಿ ಕಲ್ಯಾಣಸ್ವಾಮಿಯನ್ನು ಮುಂದಿಟ್ಟುಕೊಂಡು ಎದ್ದು ಮಂಗಳೂರಿನವರೆಗೆ ನುಗ್ಗಿದರು. ಅದನ್ನು ಅಡಗಿಸುವಲ್ಲಿ ಕೊಡಗಿನ ದಿವಾನರೂ ಅವರ ಕಡೆಯವರೂ ಕಂಪನಿಗೆ ನೆರವಾದರು. ಬಂಗಾರ ಬೆಳ್ಳಿಯ ಪದಕಗಳು ಬಂದುವು. ಬಂಡಾಯದ ನಾಯಕರಲ್ಲೊಬ್ಬನಾದ ಗುಡ್ಡೆಮನೆ ಅಪ್ಪಯ್ಯಗೌಡನನ್ನು ಅದೇ ವರ್ಷ ಮಡಿಕೇರಿಯಲ್ಲಿ ಗಲ್ಲಿಗೇರಿಸಿದರು.

ಹೀಗೆ ನಾಲ್ಕು ವರ್ಷಗಳೊಳಗೆ ಒಂದೇ ಶಾಸನದ ಕೆಳಗೆ ಒಂದು ಕಡೆ 19 ನೇಣುಗಳೂ ಮತ್ತೊಂದು ಕಡೆ ಪ್ರಶಂಸಾಪತ್ರವೂ ದೊರೆತುವು. ಹಲಗಲಿಯ ಬೇಡನಿಗೂ ಕೊಡಗಿನ ಒಕ್ಕಲಿಗೂ ಆಯುಧದೊಡನಿದ್ದ ಸಂಬಂಧದಲ್ಲಿ ಮೂಲತಃ ಹೆಚ್ಚಿನ ಅಂತರವಿರಲಿಲ್ಲ. ಅಂತರವಿದ್ದುದು ಸರ್ಕಾರವು ಅವರಲ್ಲಿಟ್ಟ ನಂಬಿಕೆಯಲ್ಲಿ. ಕೊಡಗರ ಶೌರ್ಯವನ್ನು ಕಿರಿದು ಮಾಡುವ ಉದ್ದೇಶ ನನಗಿಲ್ಲ. ಆದರೆ ಕಬ್ಬನನ ಪ್ರಕಟನೆಯನ್ನೇ ಅವರ ಕೋವಿಯ ಮೂಲಪ್ರಮಾಣವೆಂದು ಎತ್ತಿ ಹಿಡಿಯುವ ಲೇಖಕರು, ತಮಗರಿವಿಲ್ಲದೆಯೇ, ಒಂದು ಪ್ರಾಚೀನ ಋಣಬಂಧವನ್ನು ಪರಕೀಯನೊಬ್ಬನ ಬಹುಮಾನವನ್ನಾಗಿ ಇಳಿಸುತ್ತಾರೆ.

ಅನಂತರದ ನಿಯಮಗಳ ಪಾಠವು ನನ್ನ ಪಕ್ಷವನ್ನೇ ಸಮರ್ಥಿಸುತ್ತದೆ. ಪ್ರಕಟನೆಯಲ್ಲಿದ್ದುದು ಕೊಡಗರೆಂಬ ಜನದ ಹೆಸರೊಂದೇ. ಮುಂದಿನ ನಿಯಮಗಳಲ್ಲಿ ‘ಕೂರ್ಗ್ ರೇಸ್’ಗೆ ಸೇರಿದ ಪ್ರತಿಯೊಬ್ಬನು, ಕೊಡಗಿನಲ್ಲಿ ಜಮ್ಮಾ ಹಿಡುವಳಿಯುಳ್ಳ ಪ್ರತಿಯೊಬ್ಬನು ಎಂದು ಎರಡು ವರ್ಗಗಳು ಕಾಣುತ್ತವೆ. ‘ರೇಸ್’ ಎಂಬ ಆಂಗ್ಲಶಬ್ದವನ್ನು ಕನ್ನಡಕ್ಕೆ ತರುವಾಗ ಒಬ್ಬರು ಕುಲವೆನ್ನುತ್ತಾರೆ, ಒಬ್ಬರು ಜನಾಂಗವೆನ್ನುತ್ತಾರೆ, ಮತ್ತೊಬ್ಬರು ಜಾತಿಯೆನ್ನುತ್ತಾರೆ. ಯಾವುದೂ ಹಾಲೇರಿಯವರ ಸನ್ನದಿನ ಭಾಷೆಯಲ್ಲ. ಜಮ್ಮಾ ಎಂಬುದಾದರೋ ಆ ಸನ್ನದಿನ ಭಾಷೆಯೇ. ಅದರ ಮೂಲಕ ಗೌಡರೇ ಮೊದಲಾದ ಇತರ ಜಮ್ಮಾದಾರರೂ ಈ ವಿನಾಯಿತಿಗೆ ಭಾಗಿಗಳಾದರು. 1837ರಲ್ಲಿ ಎದುರುಬದುರಾಗಿ ನಿಂತ ಎರಡು ಸಮುದಾಯಗಳ ಮನೆಗಳಲ್ಲಿಯೂ ಒಂದೇ ವಿನಾಯಿತಿಯ ಕೋವಿ ಗೋಡೆಯ ಮೇಲಿರುವಂತಾಯಿತು. ಕೊಡಗಿನ ಹೊರಗೆ ವಾಸಿಸುವಾಗ ಅಥವಾ ಪ್ರಯಾಣ ಮಾಡುವಾಗ ಮಾತ್ರ ಮಿತಿಯನ್ನು ಹಾಕಿದರು: ಒಂದು ರೈಫಲಿಗೆ 100 ಗುಂಡು, ಒಂದು ನುಣುಪು ನಳಿಗೆಯ ಕೋವಿಗೆ 500 ತೋಟೆ. ಅಂತಪಾಲನು ಮತ್ತೆ ಗಡಿಯಲ್ಲಿಯೇ ನಿಂತನೆಂದು ಹೇಳಬಹುದು.

ಉಳಿದ ಭಾರತೀಯರ ಸ್ಥಿತಿ ಇಷ್ಟು ಸುಲಭವಾಗಿರಲಿಲ್ಲ. 1878ರ ಶಾಸನದ ನಿಯಮಗಳಂತೆ ಐರೋಪ್ಯರಿಗೆ ಲೈಸೆನ್ಸು ಬೇಕಿರಲಿಲ್ಲ. ಈ ವರ್ಣಭೇದವು ಮೊದಲನೆಯ ಮಹಾಯುದ್ಧದ ಅನಂತರವೇ ತೊಲಗಿತು. 1931ರ ಕರಾಚಿ ಕಾಂಗ್ರೆಸ್ಸು ನಿಯಮಗಳಿಗೊಳಪಟ್ಟ ಆಯುಧಧಾರಣೆಯನ್ನು ಪ್ರಜೆಯ ಮೂಲಭೂತ ಹಕ್ಕುಗಳಲ್ಲಿ ಎಣಿಸಿತು. ಆದರೆ 1948ರ ಡಿಸೆಂಬರಿನಲ್ಲಿ, ಮಂಗಳೂರಿನಲ್ಲಿ ಹುಟ್ಟಿದ ಎಚ್. ವಿ. ಕಾಮತರು ಇದನ್ನು ಸಂವಿಧಾನದಲ್ಲಿ ಸೇರಿಸಬೇಕೆಂದು ತಿದ್ದುಪಡಿ ತಂದಾಗ ಡಾ. ಅಂಬೇಡ್ಕರರು ಒಪ್ಪಲಿಲ್ಲ, ಅದು ಬಿದ್ದುಹೋಯಿತು. ಸಿಖ್ಖರ ಕೃಪಾಣಕ್ಕೆ ಸಂವಿಧಾನದಲ್ಲಿ ಸ್ಥಾನ ದೊರೆಯಿತು. ಸಭೆ ಸೇರುವ ಹಕ್ಕನ್ನು ಕೊಡುವಾಗ ನಿರಾಯುಧರಾಗಿ ಎಂಬ ವಿಶೇಷಣವೂ ಬಿತ್ತು. ಅಮೆರಿಕದ ಸಂಯುಕ್ತ ಸಂಸ್ಥಾನಗಳಲ್ಲಿ ಸಂವಿಧಾನದ ಎರಡನೆಯ ತಿದ್ದುಪಡಿಯು ಆಯುಧವನ್ನು ಹಕ್ಕಾಗಿ ಒಪ್ಪಿದೆ; ಬಂದೂಕವನ್ನು ಬಹಿರಂಗವಾಗಿ ಧರಿಸಿ ನಡೆಯುವ ಬಗೆಗೆ ಒಂದೊಂದು ರಾಜ್ಯವೂ ತನ್ನದೇ ಕಟ್ಟಳೆಯನ್ನು ಮಾಡಿಕೊಂಡಿದೆ. ನಮ್ಮಲ್ಲಿ ಆಯುಧವಿಷಯವು ಕೇಂದ್ರದ ಪಟ್ಟಿಗೆ ಸೇರಿದುದರಿಂದ 1956ರಲ್ಲಿ ಕೊಡಗು ಮೈಸೂರು ರಾಜ್ಯದಲ್ಲಿ ವಿಲೀನವಾದರೂ ಅದರ ಕೋವಿಯ ಪ್ರಶ್ನೆಯು ದಿಲ್ಲಿಯಲ್ಲಿಯೇ ಉಳಿಯಿತು.

1959ರ ಆಯುಧಶಾಸನವು 1962ನೆಯ ಅಕ್ಟೋಬರ್ 1ರಿಂದ ಜಾರಿಗೆ ಬಂದಿತು. ಅದರ 3ನೆಯ ಕಲಮಿನಂತೆ ಬಂದೂಕವನ್ನು ಪಡೆಯುವುದಕ್ಕೂ ಇಟ್ಟುಕೊಳ್ಳುವುದಕ್ಕೂ ಹೊತ್ತು ತಿರುಗುವುದಕ್ಕೂ ಲೈಸೆನ್ಸು ಅವಶ್ಯ. 41ನೆಯ ಕಲಮಿನಂತೆ ಕೇಂದ್ರ ಸರ್ಕಾರವು ಸಾರ್ವಜನಿಕ ಹಿತವನ್ನು ನೋಡಿ ವಿನಾಯಿತಿಯನ್ನು ಕೊಡಬಹುದು. ಕೊಡಗಿನವರ ಹಳೆಯ ವಿನಾಯಿತಿಯು 1963ರಲ್ಲಿ ಈ ಕಲಮಿನ ಕೆಳಗೆ ಹೊಸದಾಗಿ ಹೊರಟಿತು. ಕುಲವನ್ನೂ ಭೂಮಿಯನ್ನೂ ಆಧಾರ ಮಾಡಿಕೊಂಡ ಈ ಭೇದವು ಸಮಾನತೆಗೆ ವಿರುದ್ಧವೆಂದು ಕರ್ನಾಟಕದ ಉಚ್ಚ ನ್ಯಾಯಾಲಯದಲ್ಲಿ ಆಕ್ಷೇಪಣೆ ಬಂದಿತು. 2021ರ ಸೆಪ್ಟೆಂಬರಿನಲ್ಲಿ ನ್ಯಾಯಾಲಯವು ಸ್ವಾತಂತ್ರ್ಯಪೂರ್ವದಿಂದ ನಡೆದುಬಂದ ಪದ್ಧತಿಯನ್ನೂ, ವಿನಾಯಿತಿಯು ಷರತ್ತುಗಳಿಗೂ ಅವಧಿಗೂ ಒಳಪಟ್ಟಿರುವುದನ್ನೂ ಗಣಿಸಿ ಅದನ್ನು ಎತ್ತಿಹಿಡಿಯಿತು.

ಆಕ್ಷೇಪಣೆಯಲ್ಲಿ ಸ್ವಲ್ಪವೂ ಹುರುಳಿಲ್ಲವೆಂದು ತಳ್ಳಿಬಿಡುವುದು ಸರಿಯಲ್ಲ. ಹುಟ್ಟನ್ನೇ ಪ್ರಮಾಣ ಮಾಡಿದರೆ, ಹಲಗಲಿಯ ಬೇಡನ ಮರಿಮಗನು ನನಗೇಕಿಲ್ಲವೆಂದು ಕೇಳಿದಾಗ ಕೊಡಲು ನಮ್ಮಲ್ಲಿ ಉತ್ತರವಿಲ್ಲ. ಹಿಡುವಳಿಯ ಋಣವನ್ನು ಪ್ರಮಾಣ ಮಾಡಿದರೆ ಉತ್ತರವುಂಟು, ಆದರೆ ಆಗ ಮತ್ತೊಂದು ತೊಡಕು: ಕರೆಯುವ ಅರಸನು 1834ರಲ್ಲಿಯೇ ಹೋದನು, ಊಳಿಗವು ನಿಂತಿತು, ಭೂಮಿಯೂ ಪೂಜೆಯೂ ಉಳಿದುವು. ಊಳಿಗವಿಲ್ಲದ ಬಾಳ್ಗಚ್ಚು ಎಷ್ಟು ಕಾಲ ಸಲ್ಲಬೇಕು? ಕೊಡಗಿನ ಅನೇಕ ಮನೆಗಳವರು ಸೈನ್ಯದಲ್ಲಿ ಸೇವೆ ಸಲ್ಲಿಸುತ್ತ ಬಂದಿರುವುದರಿಂದ ಊಳಿಗವು ನಿಲ್ಲಲೇ ಇಲ್ಲವೆಂದು ಅವರು ಹೇಳುತ್ತಾರೆ. ಈ ಮಾತಿನಲ್ಲಿ ತೂಕವಿದೆಯೆಂದು ನಾನು ಒಪ್ಪುತ್ತೇನೆ. ಆದರೆ ಸೈನ್ಯಕ್ಕೆ ಮಕ್ಕಳನ್ನು ಕಳುಹಿಸಿದ ಇತರ ಸೀಮೆಗಳೂ ಇದೇ ಮಾತನ್ನು ಆಡಬಹುದಷ್ಟೆ.

ಒಂದು ಶಬ್ದವನ್ನು ಕುರಿತು ಮಾತ್ರ ನನಗೆ ಸಂದೇಹವಿಲ್ಲ. ಪತ್ರಿಕೆಗಳಲ್ಲಿಯೂ ಸಭೆಗಳಲ್ಲಿಯೂ ‘ಕೋವಿ ಹಕ್ಕು’ ಎಂಬ ಪದವು ರೂಢವಾಗಿದೆ. ಶಾಸನದ ಭಾಷೆಯಲ್ಲಿ ಅದು ಹಕ್ಕಲ್ಲ, ವಿನಾಯಿತಿ. ಹಕ್ಕು ತಾನೇ ನಿಲ್ಲುತ್ತದೆ. ವಿನಾಯಿತಿಯು ಕೊಟ್ಟವನ ಕೈಯಲ್ಲಿ ನಿಂತಿರುತ್ತದೆ. 2019ನೆಯ ಅಕ್ಟೋಬರ್ 29ರ ಕೇಂದ್ರ ಪ್ರಕಟನೆಯು ಕೊಡಗರಿಗೂ ಜಮ್ಮಾದಾರರಿಗೂ ಈ ವಿನಾಯಿತಿಯನ್ನು ಹತ್ತು ವರ್ಷಗಳಿಗೆ ನವೀಕರಿಸಿದೆ. ಅದರ ಅವಧಿಯು 2029ನೆಯ ಅಕ್ಟೋಬರ್ 31ಕ್ಕೆ ಮುಗಿಯುವುದು.