ಅಮೃತಮಹಲಿನಲ್ಲಿ ಹಾಲೆಷ್ಟು?

ಗ್ರೀಕರ ದೇವತೆಗಳು ಉಣ್ಣುತ್ತಿದ್ದ ಆಂಬ್ರೋಸಿಯಾ, ನಮ್ಮ ಸಮುದ್ರಮಥನದ ಅಮೃತ, ಎರಡೂ ಒಂದೇ ಬೇರಿನ ಮಾತುಗಳು. ಸಾವಿಲ್ಲದ್ದು ಎಂಬುದೇ ಎರಡರ ಮೂಲಾರ್ಥ. ಆಂಬ್ರೋಸಿಯಾ ಇಂದು ಸೀನು ಬರಿಸುವ ಒಂದು ಕಳೆಗಿಡದ ಕುಲದ ಹೆಸರು. ಮರ ಕೊರೆದು ಒಳಗೆ ಬೂಷ್ಟು ಬೆಳೆಸಿ ತಿನ್ನುವ ದುಂಬಿಗಳಿಗೂ ಅದೇ ಹೆಸರು. ಕಡೂರು, ತರೀಕೆರೆ, ಅಜ್ಜಂಪುರದ ಸೀಮೆಯಲ್ಲಿ ಮಾತ್ರ ಅಮೃತದ ಹೆಸರು ಹೊತ್ತು ನಿಂತದ್ದು ದನ. ಹೆಸರು ಕೇಳಿದವರು ಹಾಲಿನ ತಳಿಯೆಂದುಕೊಳ್ಳುತ್ತಾರೆ. ಆದರೆ ಅಮೃತಮಹಲನ್ನು ಉಳಿಸಿದ್ದು ಎತ್ತಿನ ಕಾಲು, ಹಸುವಿನ ಕೆಚ್ಚಲಲ್ಲ.

ಚಿಕ್ಕದೇವರಾಜ ಒಡೆಯರು ಅರಮನೆಗೆ ಹಾಲು ಬೆಣ್ಣೆ ಒದಗಿಸಲು ‘ಬೆಣ್ಣೆ ಚಾವಡಿ’ ನಡೆಸಿದ್ದರು, ಅದನ್ನೇ ಟಿಪ್ಪು ‘ಅಮೃತಮಹಲ್’ ಎಂದು ಕರೆದ, ಹಾಗಾದರೆ ಹಾಲೇ ಮೂಲವಲ್ಲವೇ ಎಂದು ಯಾರಾದರೂ ಕೇಳಬಹುದು. ಹುಟ್ಟಿನ ಮಟ್ಟಿಗೆ ಹೌದು. ಆದರೆ ಟಿಪ್ಪುವಿನ ಹೊತ್ತಿಗೆ ಅದರ ಕೆಲಸ ಬದಲಾಗಿತ್ತು. ಅವನ ತಂದೆ ಹೈದರನ ಸೈನ್ಯ ಎರಡೂವರೆ ದಿನದಲ್ಲಿ ನೂರು ಮೈಲಿ ನಡೆದು ಚಿದಂಬರ ಮುಟ್ಟಿದ್ದು ಈ ಎತ್ತುಗಳ ಬಲದಿಂದ ಎಂದು ಹಳೆಯ ಮೈಸೂರಿನ ಬರಹಗಳು ಹೇಳುತ್ತವೆ. 1799ರಲ್ಲಿ ಟಿಪ್ಪು ಮಡಿದ ನಂತರ ಸೊರಗಿದ ಹಿಂಡುಗಳನ್ನು 1813ರಲ್ಲಿ ಬ್ರಿಟಿಷರು ಕೈಗೆ ತೆಗೆದುಕೊಂಡದ್ದೂ ಸೈನ್ಯದ ಸಾಗಣೆಗಾಗಿ. ಎಲ್ಲಕ್ಕಿಂತ ಗಟ್ಟಿಯಾದ ಸಾಕ್ಷಿ 1860ರದು: ಖರ್ಚು ಉಳಿಸಲೆಂದು ಸರ್ಕಾರ ಹಿಂಡುಗಳನ್ನು ಮಾರಿಬಿಟ್ಟಿತು, ಅದು ತಪ್ಪೆಂದು ಬೇಗನೆ ತಿಳಿದು 1866ರಲ್ಲಿ ಮತ್ತೆ ಕಟ್ಟಬೇಕಾಯಿತು. ಕಾವಲು ಎಂಬ ಮೀಸಲು ಹುಲ್ಲುಗಾವಲುಗಳಲ್ಲಿ ಅರೆಕಾಡು ಪ್ರಾಣಿಗಳಂತೆ ಮೇಯುವ ಈ ಹಸುಗಳ ಹಾಲು ಕರುವಿಗೆ ಸಾಕಾದರೆ ಹೆಚ್ಚು. ಅಂಥ ಹಾಲಿಗಾಗಿ ಯಾವ ಸೈನ್ಯವೂ ಹೀಗೆ ಹಿಂದಿರುಗುವುದಿಲ್ಲ.

ತರೀಕೆರೆಯ ಬಳಿಯ ಅಮೃತಾಪುರದಿಂದಲೇ ಈ ಹೆಸರು ಬಂದಿರಬಹುದೆಂಬ ಊಹೆ ಸಹಜವಾದರೂ ನಿಲ್ಲುವುದಿಲ್ಲ. ಅಲ್ಲಿನ ಅಮೃತೇಶ್ವರ ದೇಗುಲ 1196ರದು. ಹೊಯ್ಸಳ ವೀರಬಲ್ಲಾಳನ ದಂಡನಾಯಕ ಅಮೃತನು ಕಟ್ಟಿಸಿದ್ದರಿಂದ ದೇವರಿಗೆ ಆ ಹೆಸರು. ಮಹಲಿನ ಹೆಸರು ಬಂದದ್ದು ಆರು ಶತಮಾನಗಳ ಮೇಲೆ, ಶ್ರೀರಂಗಪಟ್ಟಣದ ಆಡಳಿತದಿಂದ. ಎರಡಕ್ಕೂ ಪುರಾಣದ ಪದವೇ ಬೇಕಾಯಿತು ಎನ್ನುವುದನ್ನು ಬಿಟ್ಟರೆ ನಂಟಿಲ್ಲ.

ಮೈಸೂರು ಸರ್ಕಾರ 1929ರಲ್ಲಿ ಅಜ್ಜಂಪುರದಲ್ಲಿ ತಳಿ ಸಂವರ್ಧನ ಕೇಂದ್ರ ತೆರೆದಾಗ ಯುದ್ಧಗಳಿಗೆ ಎತ್ತು ಬೇಡವಾಗಿತ್ತು, ಹೊಲಕ್ಕೆ ಬೇಕಿತ್ತು. ಟ್ರಾಕ್ಟರು ಬಂದಮೇಲೆ ಹೊಲದ ಅಗತ್ಯವೂ ಕುಗ್ಗಿದೆ, ಹಾಲಿಲ್ಲದ ತಳಿಗೆ ಇಷ್ಟು ಹುಲ್ಲುಗಾವಲೇಕೆ ಎನ್ನುವವರಿದ್ದಾರೆ. ಕಡೂರಿನ ಬಾಸೂರು ಕಾವಲೇ ಉತ್ತರ: ದನಕ್ಕೆಂದು ಮೀಸಲಿಟ್ಟ ಆ ಬಯಲು ಇಂದು ಕೃಷ್ಣಮೃಗಗಳ ಸಂರಕ್ಷಿತ ನೆಲೆ. ಲೀಟರಿನ ಲೆಕ್ಕ ಹಾಕುವವರು ಅಜ್ಜಂಪುರ ಕೇಂದ್ರದ ದನಗಳ ಹರಾಜನ್ನೂ ನೋಡಲಿ. ಅಲ್ಲಿಗೆ ರೈತರು ಬರುವುದು ಹೋರಿಕರುಗಳಿಗಾಗಿ.